ಎರಡು ಕಾಲು, ಎರಡು ಕೈ, ಒಂದು ಪೇಟಿ

ಕಂಪ್ಲಿ, ಹೊಸಪೇಟೆ ಕಡೆಯ ಹಳ್ಳಿಗಳಲ್ಲಿ ನಾಟಕ ಆಡಬೇಕೆಂದವರು ಮೊದಲು ಹುಡುಕುವುದು ಪೇಟಿ ಮಾಸ್ತರರನ್ನು, ಅಂದರೆ ಹಾರ್ಮೋನಿಯಂ ನುಡಿಸಿ ನಾಟಕ ಕಲಿಸುವವರನ್ನು. ಶಕುನಿ ಯಾರು, ಭೀಮನ ಗದೆ ಯಾರ ಹೆಗಲಿಗೆ ಎಂಬ ಜಗಳವೆಲ್ಲ ಆಮೇಲಿನದು. ಮಾಸ್ತರರು ಮುಂಗಡ ಇಸಿದುಕೊಂಡು, ಕಾಲು ಪೇಟಿಯನ್ನು ಟ್ರ್ಯಾಕ್ಟರಿನಲ್ಲಿ ತರಿಸಿ ಗುಡಿಕಟ್ಟೆಗೆ ಇಳಿಸಿದರೆಂದರೆ ಆ ಊರಲ್ಲಿ ನಾಟಕ ಆದಂತೆಯೇ.

ಎರಡು ಕೈಗೆ ಎರಡು ಕೆಲಸ ಕೊಟ್ಟ ವಾದಕರೆಂದರೆ ರಾಕ್ ಸಂಗೀತದ ಹುಚ್ಚಿರುವವರಿಗೆ ರೇ ಮಂಜಾರೆಕ್ ನೆನಪಾಗುತ್ತಾರೆ. 1965ರಲ್ಲಿ ಲಾಸ್ ಏಂಜಲೀಸ್‌ನಲ್ಲಿ ಜಿಮ್ ಮಾರಿಸನ್ ಜೊತೆ ಸೇರಿ ‘ದ ಡೋರ್ಸ್’ ಕಟ್ಟಿದ ಕೀಬೋರ್ಡ್ ವಾದಕ. ವೇದಿಕೆಯ ಮೇಲೆ ಆ ಬ್ಯಾಂಡಿಗೆ ಬೇಸ್ ಗಿಟಾರಿನವರೇ ಇರಲಿಲ್ಲ. ಮಂಜಾರೆಕ್ ಎಡಗೈಯಲ್ಲಿ ಪಿಯಾನೊ ಬೇಸ್, ಬಲಗೈಯಲ್ಲಿ ವಾಕ್ಸ್ ಆರ್ಗನ್ ನುಡಿಸುತ್ತ ಇಬ್ಬರ ಕೆಲಸ ಒಬ್ಬರೇ ಮಾಡುತ್ತಿದ್ದರು. 2013ರಲ್ಲಿ ಅವರು ತೀರಿಕೊಂಡಾಗ ದೂರದೂರದ ಪತ್ರಿಕೆಗಳೂ ಬರೆದವು. ಹಂಪಿಯಿಂದ ಹೊಳೆ ದಾಟಿದರೆ ಸಿಗುವ ವಿರೂಪಾಪುರ ಗಡ್ಡಿಯ ಹೋಟೆಲುಗಳಲ್ಲಿ, 2020ರಲ್ಲಿ ಅವನ್ನು ಕೆಡವುವ ತನಕ, ಆ ಕಾಲದ ರಾಕ್ ಹಾಡುಗಳು ಸಂಜೆಯಾದರೆ ಕೇಳಿಸುತ್ತಿದ್ದವು. ಕೈ ಎರಡರ ಜೊತೆ ಕಾಲೆರಡನ್ನೂ ದುಡಿಸಿ ಬೆಳತನಕ ನುಡಿಸುವವರು ಇದೇ ಸೀಮೆಯ ಹಳ್ಳಿಗಳಲ್ಲಿ ಇದ್ದಾರೆಂದು ಅಲ್ಲಿ ಕೂತು ಕೇಳಿದವರಿಗೆ ಯಾರು ಹೇಳಬೇಕು?

ನಾನು ನೋಡಹೋದ ಮಾಸ್ತರರಿಗೆ ಎಪ್ಪತ್ತು ದಾಟಿದೆ. ಕಂಪ್ಲಿ ಸಮೀಪದ ಹಳ್ಳಿ, ಭತ್ತದ ಗದ್ದೆ ಬದಿಯ ಮನೆ. ಹೆಸರು ಕೇಳಿದರೆ, ‘ಹೆಸರು ಯಾಕ್ರೀ, ಪೇಟಿ ಮಾಸ್ತರ ಅಂತ ಬರೀರಿ, ತಿಳಿಯೋರಿಗೆ ತಿಳಿತೈತಿ’ ಅಂದರು. ಹ್ಯಾಂಡ್‌ಬಿಲ್ಲಿನಲ್ಲೂ ಹಾಗೇ. ಬಾಡಿಗೆಗೆ ಬರುವ ನಟಿಯರ ಫೋಟೊ ಮೇಲೆ, ಊರ ಹಿರಿಯರ ಸಾಲು ನಡುವೆ, ಮಾಸ್ತರರ ಹೆಸರು ಕಟ್ಟಕಡೆಗೆ, ಪರದೆ ಒದಗಿಸುವ ಡ್ರಾಮಾ ಸೀನ್ಸ್‌ನವರ ಪಕ್ಕದಲ್ಲಿ.

ಕೈ ಪೇಟಿಯಲ್ಲಿ ಒಂದು ಕೈ ತಿದಿಗೇ ಹೋಗುತ್ತದೆ. ಕಾಲು ಪೇಟಿಯಲ್ಲಿ ಗಾಳಿಯ ಹೊಣೆ ಕಾಲಿನದು, ಎರಡು ಕೈಯೂ ಸ್ವರದ ಮನೆಗಳ ಮೇಲೆ. ಮಾಸ್ತರರ ಎಡಗೈ ಕೆಳಗಿನ ಸಪ್ತಕದಲ್ಲಿ ಷಡ್ಜ ಹಿಡಿದು ಕೂರುತ್ತದೆ, ಬಲಗೈ ಹಾಡಿನ ಬೆನ್ನು ಹತ್ತುತ್ತದೆ. ಆದರೆ ಅವರ ಜಾಣತನವೆಲ್ಲ ಇರುವುದು ಹೆಬ್ಬೆರಳು ಸವೆದ ಆ ಪಾದಗಳಲ್ಲಿ. ಒತ್ತು ಸಡಿಲಿಸಿದರೆ ದನಿ ಮಾತಿನ ಕೆಳಗೆ ಸರಿಯುತ್ತದೆ, ಬಿಗಿ ಮಾಡಿದರೆ ಮೈಕಿಲ್ಲದೆಯೂ ಕೊನೆಯ ಸಾಲಿಗೆ ಮುಟ್ಟುತ್ತದೆ. ಮಾತು ಮರೆತ ನಟ ತಡವರಿಸುವಾಗ ಅವರು ಸ್ವರವನ್ನು ಎಳೆದು ಹಿಡಿಯುತ್ತಾರೆ. ನೋಡುವವರಿಗೆ ಅದೂ ನಾಟಕದ ಭಾಗವೇ. ಬೆಳಗಿನ ಜಾವ ಮೂರಕ್ಕೆ ದುರ್ಯೋಧನನ ಗಂಟಲು ಕೂತರೆ, ಸಂಜೆ ಕಪ್ಪು ಎರಡರಲ್ಲಿ ಹಾಡಿದ ಕಂದವನ್ನು ಒಂದು ಮನೆ ಕೆಳಗಿಳಿಸಿ ಬಿಳಿಯಿಂದ ಎತ್ತುತ್ತಾರೆ. ‘ಅಂವಗ ಗೊತ್ತಾಗಬಾರದ್ರಿ. ಗೊತ್ತಾದ್ರ ಧೈರ್ಯ ಹೋಗತೈತಿ.’

ತಾಲೀಮು ಒಂದೆರಡು ತಿಂಗಳು. ಹೊಲದ ಕೆಲಸ ಮುಗಿಸಿ ಬಂದ ಹುಡುಗರಿಗೆ ಉಚ್ಚಾರ, ನಡಿಗೆ, ಹಾಡು ಎಲ್ಲ ಹೇಳಿಕೊಡುವವರು ಇವರೇ. ನಿರ್ದೇಶಕ ಎಂದು ಬೇರೆ ಯಾರೂ ಇಲ್ಲ. ನಾಟಕ ಬಹುಮಟ್ಟಿಗೆ ಕಂದಗಲ್ ಹನುಮಂತರಾಯರ ‘ರಕ್ತರಾತ್ರಿ’, ಇಲ್ಲವೇ ‘ಕುರುಕ್ಷೇತ್ರ’. ಈ ಸೀಮೆಯ ದೊಡ್ಡ ನಟಿ, ಹಾಡುಗಾರ್ತಿ ಸುಭದ್ರಮ್ಮ ಮನ್ಸೂರು 2020ರಲ್ಲಿ ತೀರಿಕೊಂಡರು. ಅವರ ಮಾತು ಬಂದರೆ ಮಾಸ್ತರರು ಚಹಾ ಲೋಟ ಕೆಳಗಿಟ್ಟೇ ಮಾತಾಡುತ್ತಾರೆ.

ಇನ್ನು ಪೇಟಿಯ ಚರಿತ್ರೆ. 1840ರ ದಶಕದ ಆರಂಭದಲ್ಲಿ ಪ್ಯಾರಿಸ್ಸಿನ ಅಲೆಕ್ಸಾಂಡರ್ ದೆಬ್ಯಾಂ ರೂಪಿಸಿದ ವಾದ್ಯ ಪಾದ್ರಿಗಳ ಜೊತೆ ಇಲ್ಲಿಗೆ ಬಂತು. ಕಲ್ಕತ್ತದ ದ್ವಾರಕಾನಾಥ ಘೋಷರು ಅದರ ಕಾಲು ತೆಗೆದು ನೆಲಕ್ಕೆ ಕೂರಿಸಿದರು. ಬೆಳಗಾವಿ ಸೀಮೆಯ ಗುರ್ಲಹೊಸೂರಿನ ಅಣ್ಣಾಸಾಹೇಬ ಕಿರ್ಲೋಸ್ಕರರು 1880ರಲ್ಲಿ ಪುಣೆಯಲ್ಲಿ ‘ಸಂಗೀತ ಶಾಕುಂತಲ’ ಆಡಿಸಿದ ಮೇಲೆ ಮರಾಠಿ ರಂಗದ ಮಟ್ಟುಗಳು ಕನ್ನಡ ಕಂಪನಿಗಳಿಗೂ ಹರಿದವು. ಶ್ರುತಿ ಬಾಗದ, ಗಮಕ ಒಲಿಯದ ಪರದೇಶಿ ವಾದ್ಯವೆಂದು ಆಕಾಶವಾಣಿ 1940ರಿಂದ ಮೂರು ದಶಕ ಹಾರ್ಮೋನಿಯಂಗೆ ಬಾಗಿಲು ಹಾಕಿತ್ತು. ಹಳ್ಳಿಯ ಗುಡಿಕಟ್ಟೆಗೆ ಆ ಸುತ್ತೋಲೆ ಮುಟ್ಟಿದಂತಿಲ್ಲ.

ಮಾಸ್ತರರು ಹಾಡನ್ನೂ ಬರೆಯುತ್ತಾರೆ, ನನ್ನನ್ನು ಅಲ್ಲಿಗೆ ಎಳೆದದ್ದು ಅದೇ. ಅಚ್ಚಾದ ನಾಟಕದ ಹಾಡುಗಳು ಎಲ್ಲ ಊರಿಗೂ ಸಾಲುವುದಿಲ್ಲ. ನಾಂದಿಗೆ ನಮ್ಮೂರ ಹನುಮಪ್ಪನ ಹೆಸರು ಬರಬೇಕು ಎಂದು ಒಬ್ಬರು, ದ್ರೌಪದಿಗೆ ಇನ್ನೊಂದು ಶೋಕದ ಹಾಡು ಇರಲಿ ಎಂದು ಇನ್ನೊಬ್ಬರು. ತಾಲೀಮು ಮುಗಿದ ಮೇಲೆ ಕಂದೀಲಿನ ಮುಂದೆ ಕೂತು ಅವರು ಬರೆದದ್ದು ಎರಡು ಗೋಣಿಚೀಲದಷ್ಟು ನೋಟ್‌ಬುಕ್ಕು. ಹಾಡುಗಳಲ್ಲಿ ಕವಿಯ ಅಂಕಿತವಿಲ್ಲ, ಊರ ದೇವರ ಅಂಕಿತವಿದೆ.

ಈಗ ಸೀನ್ಸ್‌ನವರೇ ಪರದೆ, ಲೈಟು, ಮೈಕಿನ ಜೊತೆ ಕ್ಯಾಸಿಯೊ ಮತ್ತು ಪ್ಯಾಡ್ ನುಡಿಸುವ ಹುಡುಗರನ್ನೂ ಕರೆತರುತ್ತಾರೆ. ಒಬ್ಬನೇ ಬೆನ್ನಿಗೆ ಹಾಕಿಕೊಂಡು ಬೈಕಿನಲ್ಲಿ ಬರುವ ವಾದ್ಯದ ಮುಂದೆ, ನಾಲ್ಕು ಜನ ಎತ್ತಬೇಕಾದ ಪೇಟಿಯ ಪರವಾಗಿ ವಾದಿಸುವುದು ಕಷ್ಟ. ಕ್ಯಾಸಿಯೊ ಒಂದು ಗುಂಡಿ ಒತ್ತಿದರೆ ಶ್ರುತಿ ಬದಲಿಸುತ್ತದೆ. ಪೇಟಿಗೆ ಹಾಗಲ್ಲ. ಹಿತ್ತಾಳೆ ರೀಡಿನ ತುದಿ ಕೆರೆದರೆ ಸ್ವರ ಏರುತ್ತದೆ, ಬುಡ ಕೆರೆದರೆ ಇಳಿಯುತ್ತದೆ. ಒಂದು ಗೆರೆ ಹೆಚ್ಚಾದರೆ ರೀಡೇ ಹೋಯಿತು. ಕೆರೆಯಬಲ್ಲವರು ಕಡಿಮೆಯಾಗುತ್ತಿದ್ದಾರೆ. ಮಾಸ್ತರರಿಗೇ ಈಗ ಕಣ್ಣು ಮಂಜು.

ಆದರೂ ನನ್ನ ಚಿಂತೆ ವಾದ್ಯದ್ದಲ್ಲ, ಆ ನೋಟ್‌ಬುಕ್ಕುಗಳದು. ಅವುಗಳಲ್ಲಿ ಸ್ವರಲಿಪಿ ಇಲ್ಲ. ಪ್ರತಿ ಹಾಡಿನ ನೆತ್ತಿಯ ಮೇಲೆ ಇನ್ನೊಂದು ಹಾಡಿನ ಮೊದಲೆರಡು ಪದ, ಮುಂದೆ ‘ಎಂಬಂತೆ’. ಆ ಹಳೆಯ ಹಾಡು ಗೊತ್ತಿದ್ದವರಿಗಷ್ಟೇ ಇದರ ಮಟ್ಟು. ಹಂಪಿಯ ಕನ್ನಡ ವಿಶ್ವವಿದ್ಯಾಲಯ ಇಲ್ಲಿಂದ ದೂರವೇನಿಲ್ಲ. ಯಾರಾದರೂ ಒಬ್ಬರು ಧ್ವನಿಮುದ್ರಣ ಯಂತ್ರ ಹಿಡಿದು ಒಂದು ಬೇಸಿಗೆ ಬಂದು ಕೂತರೂ ಸಾಕಷ್ಟು ಉಳಿದೀತು. ಸದ್ಯಕ್ಕೆ ಮೊಮ್ಮಗಳು ರಜೆಯಲ್ಲಿ ಬಂದಾಗ ಮೊಬೈಲಿನಲ್ಲಿ ಹಿಡಿದಿಟ್ಟದ್ದಷ್ಟೇ ಇದೆ.

ನಾನು ಹಾಳೆ ತಿರುವಿ ಒಂದು ಶೋಕದ ಹಾಡು ತೋರಿಸಿ, ಇದನ್ನು ನುಡಿಸಿ ಎಂದೆ. ಮಾಸ್ತರರು ಮೇಲಿನ ಎರಡು ಪದ ಓದಿ, ಕಾಲು ಒತ್ತುತ್ತ ಬೇರೆ ಬೇರೆ ಮನೆ ಮುಟ್ಟಿ ನೋಡಿದರು. ‘ಇದು ಮರಾಠಿ ಹಾಡಿಂದು ನೋಡ್ರಿ. ನಮ್ಮ ಗುರುಗಳು ಹಾಡ್ತಿದ್ರು’ ಎಂದು ಮುಂದಿನ ಹಾಳೆಗೆ ಹೋದರು.