ಸೀಮೆ ಹಸು ಕುಲಾಂತರಿಯೇ?



ಲಿಂಗ ನಿರ್ಧರಿತ ವೀರ್ಯದ ಮಾತು ಬಂದಾಗಲೆಲ್ಲ ರಾಮಾಪುರ ಭಾಗದಲ್ಲಿ ಏಳುವ ಪ್ರಶ್ನೆ: "ಇದು ಕುಲಾಂತರಿ ಅಂತೆ, ಹಾಲು ಮಕ್ಕಳಿಗೆ ಕೊಡಬಹುದಾ ಡಾಕ್ಟ್ರೇ?" ಈ ಅನುಮಾನದಿಂದಲೇ ಕೆಲವರು ಹೆಣ್ಣು ಕರುವಿನ ಅವಕಾಶ ಬಿಡುತ್ತಿದ್ದೀರಿ.

ಹಸುವಿನ ಬಣ್ಣ, ಮೈಕಟ್ಟು, ಹಾಲು ಕೊಡುವ ಗುಣ ತಾಯಿ-ತಂದೆಯಿಂದ ಕರುವಿಗೆ ಬರುವುದು ವಂಶವಾಹಿಗಳ ಮೂಲಕ. ಪ್ರಯೋಗಾಲಯದಲ್ಲಿ ಈ ವಂಶವಾಹಿಯನ್ನೇ ತಿದ್ದಿದರೆ ಅಥವಾ ಬೇರೆ ಜೀವಿಯದನ್ನು ಸೇರಿಸಿದರೆ ಅದು ವಂಶವಾಹಿ ಬದಲಿಸಿದ ಪ್ರಾಣಿ. ಬೇರೆ ಜೀವಿಯದನ್ನು ಸೇರಿಸಿದ್ದಕ್ಕೆ ಕುಲಾಂತರಿ ಎನ್ನುತ್ತಾರೆ.

ನಿಮ್ಮ ಸೀಮೆ ಹಸು ಹಾಗಲ್ಲ. ನಾಟಿ ಹಸುವಿಗೆ ಎಚ್‌ಎಫ್ ಅಥವಾ ಜೆರ್ಸಿ ಹೋರಿಯ ವೀರ್ಯ ಕೊಟ್ಟು ಪಡೆದ ಮಿಶ್ರತಳಿ ಅದು.

ಲಿಂಗ ನಿರ್ಧರಿತ ವೀರ್ಯದಲ್ಲೂ ತಿದ್ದುಪಡಿ ಇಲ್ಲ. ಹೆಣ್ಣು ಕರು ಕೊಡುವ ವೀರ್ಯಾಣುವಿನಲ್ಲಿ ಡಿಎನ್‌ಎ ಸುಮಾರು ಶೇ. 4ರಷ್ಟು ಹೆಚ್ಚಿರುತ್ತದೆ. ಆ ವ್ಯತ್ಯಾಸ ಗುರುತಿಸಿ ಯಂತ್ರ ಬೇರ್ಪಡಿಸುತ್ತದೆ. ನಾವು ಕಾಳು ಆರಿಸುತ್ತೇವೆ, ಕಾಳನ್ನು ಬದಲಿಸುವುದಿಲ್ಲ. ಹುಟ್ಟುವ 10 ಕರುಗಳಲ್ಲಿ ಸುಮಾರು 9 ಹೆಣ್ಣು. ಆದರೆ ಗಬ್ಬ ನಿಲ್ಲುವ ಪ್ರಮಾಣ ಸಾಮಾನ್ಯ ವೀರ್ಯಕ್ಕಿಂತ ಸ್ವಲ್ಪ ಕಡಿಮೆ. ಆದ್ದರಿಂದ ಚೆನ್ನಾಗಿ ಬೆಳೆದ ಕಡಸುಗಳಿಗೆ, ಬೆದೆ ಸ್ಪಷ್ಟವಾಗಿರುವಾಗ ಹಾಕಿಸಿ.

ವಂಶವಾಹಿ ತಿದ್ದಿದ ದನಗಳೂ ಇವೆ. ಬಿಸಿಲು ತಡೆಯಲೆಂದು ಗಿಡ್ಡ ಕೂದಲು ಬರುವಂತೆ ತಿದ್ದಿದ ಮಾಂಸದ ದನಗಳಿಂದ ಅಪಾಯ ಕಡಿಮೆ ಎಂದು 2022ರಲ್ಲಿ ಅಮೆರಿಕದ ಎಫ್‌ಡಿಎ ತೀರ್ಮಾನಿಸಿತು. ನಮ್ಮ ಪಕ್ಕದ ಬರಗೂರು ಬೆಟ್ಟದ ದನಗಳಿಗೆ ಬಿಸಿಲು ತಾಳುವ ಗುಣ ತಲೆಮಾರುಗಳಿಂದಲೇ ಬಂದಿದೆ.

ನಮ್ಮ ದೇಶದಲ್ಲಿ ವಂಶವಾಹಿ ಬದಲಿಸಿದ ಹಸುವಿನ ಹಾಲಿಗೆ ಅನುಮತಿ ಇಲ್ಲ. ಇಂಥ ಜೀವಿಗಳಿಗೆ 1989ರ ನಿಯಮಗಳಡಿ ಕೇಂದ್ರದ ಜಿಇಎಸಿ ಸಮಿತಿಯ ಒಪ್ಪಿಗೆ ಬೇಕು. ಜನರ ಮಾತಿಗೂ ಬೆಲೆ ಇದೆ: 2010ರಲ್ಲಿ ಬಿಟಿ ಬದನೆ ಬಗ್ಗೆ ಬೆಂಗಳೂರು ಸೇರಿ 7 ನಗರಗಳಲ್ಲಿ ರೈತರು, ವಿಜ್ಞಾನಿಗಳ ಅಭಿಪ್ರಾಯ ಕೇಳಿ ಕೇಂದ್ರ ಸರ್ಕಾರ ಅದನ್ನು ತಡೆಹಿಡಿಯಿತು.

ನಾಳೆ ದನಗಳ ವಿಷಯ ಬಂದರೆ ಕೊಟ್ಟಿಗೆ ನಡೆಸುವ ನೀವೇ ಮಾತಾಡಬೇಕು. ಹಾಲು ಸುರಕ್ಷಿತವೇ? ಕರು ಆರೋಗ್ಯವಾಗಿರುತ್ತದೆಯೇ? ತಳಿಯ ಹಕ್ಕು ಯಾರದು, ಬೆಲೆ ಎಷ್ಟು? ಇವನ್ನು ಕೇಳಿ.

ಆ ಅಭ್ಯಾಸ ಇಂದೇ ಶುರುವಾಗಲಿ. ಕೃತಕ ಗರ್ಭಧಾರಣೆಗೆ ಮೊದಲು ವೀರ್ಯ ನಳಿಕೆಯ ಮೇಲಿನ ತಳಿ ಮತ್ತು ಹೋರಿ ಸಂಖ್ಯೆ ಓದಿಸಿ, ದಿನಾಂಕದ ಜೊತೆ ಬರೆದಿಟ್ಟುಕೊಳ್ಳಿ.