ನಾರಿನ ಪುಡಿಯೂ ಹೊಟ್ಟೆಯುಬ್ಬರವೂ

ಒಂದು ಚಮಚ ಇಸಬಗೋಲಿನ ಹೊಟ್ಟನ್ನು ಒಂದು ಲೋಟ ನೀರಿನಲ್ಲಿ ಕಲಸಿ ಹತ್ತು ನಿಮಿಷ ಬಿಟ್ಟು ನೋಡೋಣ. ನೀರು ಹರಿಯುವ ಗುಣವನ್ನು ಬಹುಮಟ್ಟಿಗೆ ಕಳೆದುಕೊಂಡು ಲೋಳೆಯಾಗಿರುತ್ತದೆ. ಗುಜರಾತು, ರಾಜಸ್ಥಾನಗಳಲ್ಲಿ ಬೆಳೆಯುವ ಈ ಗಿಡದ ಬೀಜದ ಹೊಟ್ಟಿನಲ್ಲಿರುವ ನೀಳವಾದ ಅಣುಸರಪಣಿಗಳು ತಮ್ಮ ತೂಕದ ಅನೇಕ ಪಟ್ಟು ನೀರನ್ನು ಹಿಡಿದಿಡಬಲ್ಲವು. ಇಸಬಗೋಲು ಮಲಬದ್ಧತೆಗೆ ಮದ್ದಾಗಿರುವುದೂ ಒಮ್ಮೊಮ್ಮೆ ಅಪಾಯಕ್ಕೆ ಎಡೆಗೊಡುವುದೂ ಈ ಒಂದೇ ಗುಣದಿಂದ.

ನಮ್ಮ ಜೀರ್ಣರಸಗಳು ನಾರನ್ನು ಒಡೆಯಲಾರವು. ಅದು ಜಠರವನ್ನೂ ಸಣ್ಣ ಕರುಳನ್ನೂ ದಾಟಿ ಹೆಚ್ಚುಕಡಮೆ ಹಾಗೆಯೇ ದೊಡ್ಡ ಕರುಳನ್ನು ಸೇರುತ್ತದೆ. ಅಲ್ಲಿನ ಅಸಂಖ್ಯಾತ ಬ್ಯಾಕ್ಟೀರಿಯಗಳಿಗೆ ಅದೇ ಆಹಾರ. ಇಡ್ಲಿಯ ಹಿಟ್ಟು ಬೆಳಗಾಗುವುದರೊಳಗೆ ಪಾತ್ರೆಯ ಅಂಚಿಗೇರುವುದನ್ನು ನಾವೆಲ್ಲರೂ ಬಲ್ಲೆವು. ಕರುಳಿನಲ್ಲಿ ನಡೆಯುವುದೂ ಅದೇ ಬಗೆಯ ಹುದುಗುವಿಕೆ. ಜಲಜನಕ, ಇಂಗಾಲಾಮ್ಲ ವಾಯು, ಕೆಲವರಲ್ಲಿ ಮೀಥೇನ್ ಉತ್ಪತ್ತಿಯಾಗುತ್ತವೆ. ಹಿಟ್ಟಿನ ಪಾತ್ರೆಗೆ ಅಗಲವಾದ ಬಾಯಿಯುಂಟು. ಕರುಳಾದರೋ ಹಿಗ್ಗುವ ಕೊಳವೆ. ಅದರ ಗೋಡೆ ಹಿಗ್ಗಿದಾಗ ನರಗಳು ಮಿದುಳಿಗೆ ಸುದ್ದಿ ಮುಟ್ಟಿಸುತ್ತವೆ. ಉಬ್ಬರ, ಗುಡುಗುಡು ಸದ್ದು, ನುಲಿತ ಇವು ಇದರ ಫಲ. ಜಲಜನಕದ ಒಂದು ಪಾಲು ರಕ್ತಕ್ಕಿಳಿದು ಉಸಿರಿನೊಡನೆ ಹೊರಬೀಳುತ್ತದೆ. ಆ ಉಸಿರನ್ನೇ ಅಳೆದು ಒಳಗಿನ ಹುದುಗುವಿಕೆಯನ್ನು ವೈದ್ಯರು ತಿಳಿಯುವರೆಂಬುದು, ಭೌತಶಾಸ್ತ್ರವನ್ನು ಬೋಧಿಸುವ ನಮಗೆ ಬಲು ಸೊಗಸಾದ ಉಪಾಯವಾಗಿ ತೋರುತ್ತದೆ.

ಎಲ್ಲ ನಾರೂ ಒಂದೇ ತೆರನಲ್ಲ. ನಾವು ಕಾಫಿಪುಡಿಗೆ ಬೆರೆಸುವ ಚಿಕೋರಿಯ ಬೇರಿನಿಂದಲೇ ತೆಗೆಯುವ ಇನ್ಯುಲಿನ್ ಬೇಗನೆ ಹುದುಗಿ ಹೆಚ್ಚು ವಾಯುವನ್ನು ಕೊಡುತ್ತದೆ. ಇಸಬಗೋಲು ಹುದುಗುವುದು ಅಲ್ಪ. ಯಾವ ಪುಡಿಯಾದರೂ ಮೊದಲ ದಿನವೇ ಪೂರ್ಣ ಪ್ರಮಾಣದಲ್ಲಿ ಸೇವಿಸಿದವರಿಗೆ ಕಷ್ಟ ಹೆಚ್ಚು. ಸ್ವಲ್ಪದಿಂದ ಆರಂಭಿಸಿ ಕೆಲವು ವಾರಗಳಲ್ಲಿ ಏರಿಸಿದರೆ ಕರುಳು ಬಹುಪಾಲು ಹೊಂದಿಕೊಳ್ಳುತ್ತದೆ.

ಉಬ್ಬರ ಪೀಡೆಯೇ ಹೊರತು ಸಾಮಾನ್ಯವಾಗಿ ಅಪಾಯವಲ್ಲ. ನಿಜವಾದ ಅಪಾಯವಿರುವುದು ಗಂಟಲಿನ ಬಳಿ. ಪುಡಿಯನ್ನು ಸಾಕಷ್ಟು ನೀರಿಲ್ಲದೆ ನುಂಗಿದರೆ ಅದು ಅನ್ನನಾಳದಲ್ಲಿಯೇ ಉಬ್ಬಿ ಸಿಕ್ಕಿಕೊಳ್ಳಬಹುದು. ಇಂಥ ಪ್ರಸಂಗಗಳು ನಡೆದುದರಿಂದಲೇ ಅಮೆರಿಕದ ಆಹಾರ ಮತ್ತು ಔಷಧ ಆಡಳಿತವು 1993ರಲ್ಲಿ, ನೀರು ಹೀರಿ ಉಬ್ಬುವ ಇಂಥ ಔಷಧಗಳ ಮೇಲೆ ಎಚ್ಚರಿಕೆಯ ಮಾತನ್ನು ಅಚ್ಚುಮಾಡಬೇಕೆಂದು ವಿಧಿಸಿತು. ಡಬ್ಬಿಯ ಮೇಲೆ ‘ಪ್ರಕೃತಿದತ್ತ’ ಎಂದು ಬರೆದ ಮಾತ್ರಕ್ಕೆ ಪದಾರ್ಥವು ನಿರಪಾಯಕಾರಿಯಾಗದು. ಪ್ರತಿ ಸಲವೂ ತುಂಬಿದ ಲೋಟದಷ್ಟು ನೀರು ಬೇಕು. ನುಂಗಲು ತೊಂದರೆಯುಳ್ಳವರು, ಕರುಳು ಕಿರಿದಾಗಿರುವವರು ವೈದ್ಯರನ್ನು ಕೇಳದೆ ಇದನ್ನು ಮುಟ್ಟಬಾರದು. ಬೇರೆ ಔಷಧ ಸೇವಿಸುವವರು ಎರಡಕ್ಕೂ ನಡುವೆ ಎರಡು ಗಂಟೆಯಾದರೂ ಅಂತರವಿಡಬೇಕು; ಲೋಳೆಯಲ್ಲಿ ಸಿಲುಕಿದ ಔಷಧ ರಕ್ತಕ್ಕೆ ಸೇರುವುದು ತಡವಾಗಬಹುದು, ಕಡಮೆಯೂ ಆಗಬಹುದು.