ಅಪ್ಪನ ಸೈಕಲ್ ಶಾಪಿನ ಬೀಗ ಯಾರ ಕೈಲಿ?

ಅಪ್ಪನ ಹನ್ನೊಂದನೇ ದಿನದ ಕಾರ್ಯ ಮುಗಿಸಿ ಬೆಂಗಳೂರಿಗೆ ಹೊರಟಿದ್ದೆ. ಅಂಗಡಿ ಮಾಲೀಕರ ಫೋನ್ ಬಂತು. "ಬೇಜಾರ್ ಮಾಡ್ಕೋಬೇಡ ಮರಿ. ಕರಾರು ನಿಮ್ಮಪ್ಪನ ಹೆಸರಲ್ಲಿತ್ತು. ಅವರೇ ಹೋದ್ಮೇಲೆ ಕರಾರೂ ಹೋದಂಗೆ. ತಿಂಗಳ ಕೊನೆಗೆ ಖಾಲಿ ಮಾಡಿಬಿಡಿ, ಇಲ್ಲಾಂದ್ರೆ ನಾನೇ ಬೀಗ ಹಾಕ್ತೀನಿ."

ಅಜ್ಜಂಪುರದಲ್ಲಿ ಅಪ್ಪ 28 ವರ್ಷ ನಡೆಸಿದ ಸೈಕಲ್ ಶಾಪು ಅದು. ಮೊದಲು ಗಂಟೆ ಲೆಕ್ಕದ ಬಾಡಿಗೆ ಸೈಕಲ್, ಆಮೇಲೆ ಪಂಕ್ಚರು, ರಿಪೇರಿ. ನನ್ನ ಇಂಜಿನಿಯರಿಂಗ್ ಫೀಸು ಬಂದಿದ್ದೂ ಅಲ್ಲಿಂದಲೇ. ನನಗೇನೋ ಕೆಲಸ ಇದೆ. ಆದರೆ ಹುಡುಗನಾಗಿದ್ದಾಗಲೇ ಅಪ್ಪನ ಹತ್ರ ಕೆಲಸಕ್ಕೆ ಸೇರಿ 19 ವರ್ಷ ಅಲ್ಲೇ ಇದ್ದ ಅಣ್ಣನೊಬ್ಬನಿದ್ದಾನೆ. ನಮ್ಮ ಸಂಬಂಧಿಕನಲ್ಲ, ಆದ್ರೆ ನಾನು ಅಣ್ಣ ಅಂತಲೇ ಕರೆಯೋದು. ಅವನ ಮನೆ ನಡೀತಿದ್ದಿದ್ದು ಆ ಅಂಗಡಿಯಿಂದಲೇ.

ಮಾವ ಮಾತ್ರ ಧೈರ್ಯವಾಗಿದ್ರು. "28 ವರ್ಷ ಇದೀವಿ. ಉಳುವವನೇ ಭೂಮಿ ಒಡೆಯ ಅನ್ನಲ್ವಾ? ಅಂಗಡಿ ನಮ್ದೇ ಆಗುತ್ತೆ, ಅಲ್ಲಾಡಬೇಡ!"

ಯಾರ ಮಾತು ಸರಿ? ತರೀಕೆರೆಯ ವಕೀಲರೊಬ್ಬರ ಹತ್ರ ಹೋದೆ. ಇಬ್ಬರದ್ದೂ ತಪ್ಪು ಅಂದ್ರು.

ಮೊದಲ ಪ್ರಶ್ನೆ: ಅಳತೆ ಎಷ್ಟು?

ಉಳುವವನೇ ಒಡೆಯ ಅನ್ನೋದು ಕೃಷಿ ಜಮೀನಿನ ಮಾತು. ಭೂಸುಧಾರಣೆ ಕಾಯ್ದೆಯ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂದಾಗ ಗೇಣಿದಾರರಿಗೆ ಭೂಮಿ ಸಿಕ್ಕಿತು. ಅಂಗಡಿ, ಮನೆಗೆ ಅದು ಲಾಗೂ ಆಗಲ್ಲ. ಬಾಡಿಗೆ ಕೊಟ್ಟುಕೊಂಡು ಇದ್ದವರು ಎಷ್ಟು ವರ್ಷ ಇದ್ದರೂ ಬಾಡಿಗೆದಾರರೇ.

ಇನ್ನು ಕರ್ನಾಟಕ ಬಾಡಿಗೆ ಕಾಯ್ದೆ 1999. ಅದು ಜಾರಿಗೆ ಬಂದಿದ್ದು 2001ರ ಡಿಸೆಂಬರ್ 31ರಂದು. ಅಂಗಡಿಗಳ ವಿಷಯದಲ್ಲಿ ಅದು ರಕ್ಷಣೆ ಕೊಡೋದು 14 ಚದರ ಮೀಟರ್ ಮೀರದ ಮಳಿಗೆಗಳಿಗೆ ಮಾತ್ರ. ಅಂದ್ರೆ ಸುಮಾರು 150 ಚದರಡಿ. ನಮ್ಮದು 12 ಅಡಿಗೆ 16 ಅಡಿ, 192 ಚದರಡಿ. ಹೀಗಾಗಿ ನಮಗೆ ಉಳಿದಿದ್ದು 1882ರ ಟ್ರಾನ್ಸ್‌ಫರ್ ಆಫ್ ಪ್ರಾಪರ್ಟಿ ಆ್ಯಕ್ಟ್.

ಈ ಹಳೇ ಕಾಯ್ದೆ ಪ್ರಕಾರ ಬಾಡಿಗೆದಾರ ತೀರಿಕೊಂಡ ತಕ್ಷಣ ಬಾಡಿಗೆ ಸಾಯಲ್ಲ. ಅದು ವಾರಸುದಾರರಿಗೆ ಬರುತ್ತೆ. ನಮ್ಮಲ್ಲಿ ಅಂದ್ರೆ ಅಮ್ಮ, ಅಕ್ಕ, ನಾನು. ಅಕ್ಕ ಮದುವೆಯಾಗಿ ಕಡೂರಿಗೆ ಹೋಗಿದ್ದಾಳೆ ಅಂತ ಅವಳನ್ನ ಬಿಡೋ ಹಾಗಿಲ್ಲ.

ಖುಷಿ ಪಡೋಷ್ಟರಲ್ಲಿ ವಕೀಲರು ಇನ್ನೊಂದು ಹೇಳಿದ್ರು. ತಿಂಗಳ ಬಾಡಿಗೆಯ ಅಂಗಡಿಯಾದ್ರೆ ಮಾಲೀಕರು 15 ದಿನದ ಲಿಖಿತ ನೋಟಿಸ್ ಕೊಟ್ಟು ಬಾಡಿಗೆ ಕೊನೆ ಮಾಡಬಹುದು, ಕಾರಣವನ್ನೂ ಹೇಳಬೇಕಿಲ್ಲ. ಆ ನೋಟಿಸ್ ಎಲ್ಲ ವಾರಸುದಾರರಿಗೂ ಬರಬೇಕು ಅಂತಲೂ ಇಲ್ಲ. ವಾರಸುದಾರರೆಲ್ಲ ಜಂಟಿ ಬಾಡಿಗೆದಾರರು, ಒಬ್ಬರಿಗೆ ಕೊಟ್ಟರೂ ಸಾಕು ಅಂತ 1989ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಹಾಗಾಗಿ ಊರಲ್ಲಿ ಅಮ್ಮನ ಕೈಗೆ ನೋಟಿಸ್ ಬಂದ್ರೆ ಅವತ್ತೇ ಫೋಟೋ ತೆಗೆಸಿ ವಾಟ್ಸಾಪಿಗೆ ಹಾಕಿಸಿಕೊಳ್ಳಿ.

ಬೀಗ ಹಾಕೋ ಹಾಗಿಲ್ಲ

ಹಂಗಾದ್ರೆ ನಮಗೆ ಬಂದ ಹಕ್ಕಾದ್ರೂ ಏನು? ನೋಟಿಸ್ ಅವಧಿ ಮುಗಿದ್ಮೇಲೂ ನಾವು ಬಿಡದಿದ್ರೆ ಮಾಲೀಕರು ಕೋರ್ಟಿಗೆ ಹೋಗಬೇಕು. ತಾವೇ ಬೀಗ ಹಾಕೋದು, ಸಾಮಾನು ಹೊರಗಿಡೋದು, ಕರೆಂಟ್ ತೆಗೆಸೋದು ನಡೆಯಲ್ಲ. ಹಂಗೆ ಹೊರಹಾಕಿದ್ರೆ 1963ರ ಸ್ಪೆಸಿಫಿಕ್ ರಿಲೀಫ್ ಆ್ಯಕ್ಟಿನ 6ನೇ ಸೆಕ್ಷನ್ ಅಡಿ ಆರು ತಿಂಗಳೊಳಗೆ ದಾವೆ ಹೂಡಿ ಸ್ವಾಧೀನ ವಾಪಸ್ ಕೇಳಬಹುದು. ಅಲ್ಲಿ ಮಾಲೀಕ ಯಾರು ಅನ್ನೋ ಪ್ರಶ್ನೆಯೇ ಬರಲ್ಲ.

ನಾನು ಕೇಳಿದ ಕೊನೇ ಪ್ರಶ್ನೆ ಅಣ್ಣನದ್ದು. ಅವನಿಗೇನೂ ಹಕ್ಕಿಲ್ವಾ? "ಇಲ್ಲ" ಅಂದ್ರು ವಕೀಲರು. ಬೇರೆಯವರಿಗೆ ವಹಿಸಿಕೊಡಬಾರದು ಅಂತ ಅಪ್ಪನ ಕರಾರಿನಲ್ಲೇ ಬರೆದಿತ್ತು. ಪಂಪು ಹಿಡಿದೇ ಗೊತ್ತಿಲ್ಲದ ನಾನು ವಾರಸುದಾರ, 19 ವರ್ಷ ಕೈ ಮಸಿ ಮಾಡಿಕೊಂಡವನು ಹೊರಗಿನವನು. ಕಚೇರಿಯಿಂದ ಆಚೆ ಬಂದ್ಮೇಲೂ ಅದು ಮನಸ್ಸಿಂದ ಹೋಗಲಿಲ್ಲ.

ಮನೆಯಾದ್ರೆ ಲೆಕ್ಕ ಬೇರೆ

ಇದನ್ನೆಲ್ಲ ಕೇಳಿ ಕಡೂರಿನ ಗೆಳೆಯ ಗಾಬರಿಯಾದ. ಅವನ ತಂದೆಯೂ ಹೋದ ವರ್ಷ ತೀರಿಕೊಂಡಿದ್ದರು. ಅಮ್ಮ ಇರೋದು ಹಳೇ ಬಾಡಿಗೆ ಮನೇಲಿ. ಮಾಲೀಕರು ಅವನ ಹೆಸರಿಗೆ, ಜಾಸ್ತಿ ಬಾಡಿಗೆಗೆ, ಹೊಸ 11 ತಿಂಗಳ ಕರಾರು ಕಳಿಸಿದ್ದರು. ಇವನು ಸಹಿ ಹಾಕೋದರಲ್ಲಿದ್ದ. ವಕೀಲರು ತಡೆದ್ರು: "ನಿಮ್ಮಮ್ಮನಿಗೆ ಇರಬಹುದಾದ ಹಕ್ಕನ್ನ ನೀವೇ ಸಹಿ ಹಾಕಿ ಬಿಟ್ಟುಕೊಡ್ತೀರಾ? ಮೊದಲು ಕಾಯ್ದೆ ಆ ಮನೆಗೆ ಅನ್ವಯ ಆಗುತ್ತಾ ನೋಡೋಣ."

ಬಾಡಿಗೆ ಕಾಯ್ದೆಯ 5ನೇ ಸೆಕ್ಷನ್ ಹೇಳೋದು ಇಷ್ಟು: ಬಾಡಿಗೆದಾರ ತೀರಿಕೊಂಡ ದಿನದಿಂದ ಐದು ವರ್ಷ ಆ ಹಕ್ಕು ಮನೆಯವರಿಗೆ ಬರುತ್ತೆ. ಮೊದಲು ಗಂಡ ಅಥವಾ ಹೆಂಡತಿ, ನಂತರ ಮಗ-ಮಗಳು, ಆಮೇಲೆ ತಂದೆ-ತಾಯಿ, ಕೊನೆಗೆ ಮೊದಲೇ ತೀರಿಹೋದ ಮಗನ ಹೆಂಡತಿ. ಆದರೆ ಅವರು ಕೊನೇವರೆಗೂ ಅವರ ಜತೆಗೇ ಇದ್ದಿರಬೇಕು, ಅವರನ್ನೇ ಅವಲಂಬಿಸಿರಬೇಕು. ಅದೇ ಊರಲ್ಲಿ ಬೇರೆ ಮನೆ ಇರಬಾರದು. ಜತೆಗಿದ್ದರೂ ಅವಲಂಬಿತರಲ್ಲದಿದ್ರೆ ಸಿಗೋದು ಒಂದೇ ವರ್ಷ. ಬೆಂಗಳೂರಲ್ಲಿ ದುಡಿಯೋ ನಮ್ಮಂಥ ಮಕ್ಕಳಿಗೆ ಇದು ಬರೋದೇ ಇಲ್ಲ, ಅಮ್ಮನಿಗೆ ಬರುತ್ತೆ.

ಎಲ್ಲ ಮನೆಗೂ ಅಲ್ಲ ಅನ್ನೋದು ನೆನಪಿರಲಿ. ನಿಮ್ಮ ಊರು ಕಾಯ್ದೆಯ ಪಟ್ಟಿಯಲ್ಲಿ ಇರಬೇಕು. ಬಾಡಿಗೆ, ಪಟ್ಟಿಯ ‘ಎ’ ಭಾಗದ ಊರುಗಳಲ್ಲಿ ತಿಂಗಳಿಗೆ 3,500, ಉಳಿದ ಕಡೆ 2,000 ರೂಪಾಯಿ ಮೀರಿರಬಾರದು. ನೀವೀಗ ಬೆಂಗಳೂರಲ್ಲಿ ಕಟ್ಟುತ್ತಿರೋ ಬಾಡಿಗೆ ನೆನೆಸಿಕೊಳ್ಳಿ, ಉತ್ತರ ಸಿಗುತ್ತೆ! ಈ ರಕ್ಷಣೆ ಉಳಿದಿರೋದು ಬಹುತೇಕ ನಮ್ಮ ಅಪ್ಪ-ಅಮ್ಮಂದಿರ ಹಳೇ ಬಾಡಿಗೆ ಮನೆಗಳಲ್ಲಿ.

ಇಂಥ ಸಂದರ್ಭ ಬಂದ್ರೆ ಅವಸರದಲ್ಲಿ ಯಾವ ಕಾಗದಕ್ಕೂ ಸಹಿ ಹಾಕಬೇಡಿ. ಹಳೇ ಕರಾರು, ಬಾಡಿಗೆ ರಸೀದಿ, ಅಡ್ವಾನ್ಸ್ ಕೊಟ್ಟ ದಾಖಲೆ ಹುಡುಕಿಡಿ. ನಾಡಕಚೇರಿಯಲ್ಲಿ ವಂಶವೃಕ್ಷ ಮಾಡಿಸಿ. ಬಾಡಿಗೆ ನಿಲ್ಲಿಸಬೇಡಿ, ಬ್ಯಾಂಕ್ ಮೂಲಕವೇ ಕಟ್ಟಿ.

ನಮ್ಮ ಕತೆ ಕೋರ್ಟಿಗೆ ಹೋಗಲಿಲ್ಲ. ಅಮ್ಮ, ಅಕ್ಕ, ನಾನು ಮೂವರೂ ಮಾಲೀಕರ ಮನೆಗೆ ಹೋಗಿ ಕೂತೆವು. ಮಗಳಿಗೆ ಮೆಡಿಕಲ್ ಶಾಪ್ ಹಾಕಿಕೊಡಬೇಕು ಅನ್ನೋದು ಅವರ ಆಸೆ. ಅದೂ ತಪ್ಪಲ್ಲ. ಬೀಗದ ಮಾತು ಬಿಟ್ಟರು, ನಾಲ್ಕು ತಿಂಗಳು ಸಮಯ ಕೊಟ್ಟರು, ಅಡ್ವಾನ್ಸ್ ಪೂರ್ತಿ ವಾಪಸ್ ಕೊಡೋಕೆ ಒಪ್ಪಿದ್ರು. ಎಲ್ಲ ಬರೆದು ಸಹಿ ಮಾಡಿಕೊಂಡೆವು.

ಆ ಅಡ್ವಾನ್ಸ್ ದುಡ್ಡನ್ನ ಅಮ್ಮ ಅಣ್ಣನ ಕೈಗೇ ಕೊಟ್ಟಳು. ತರೀಕೆರೆ ರಸ್ತೆಯಲ್ಲಿ ಚಿಕ್ಕದೊಂದು ಮಳಿಗೆ ಸಿಕ್ಕಿದೆ, 10 ಅಡಿಗೆ 12 ಅಡಿ. ಕರಾರು ಈ ಸಲ ಅವನ ಹೆಸರಲ್ಲೇ ಇದೆ. ಸಹಿ ಹಾಕೋ ಮುಂಚೆ ಎಲ್ಲ ಪುಟದ ಫೋಟೋ ನನಗೆ ಕಳಿಸಿದ್ದ.